ಗುಡ್ಡೆಯಲ್ಲಿ ಬೆಳೆದ ಗಿಡ್ಡ ದನ ನಿಮ್ಮ ಹಟ್ಟಿಗೆ ಬಂದರೆ: ಅದರ ನಂಬಿಕೆ ಗಳಿಸುವ ಬಗೆ

ನಮ್ಮ ಗಿಡ್ಡ ದನ ಅಮ್ಮಿಣಿಯನ್ನು ಪಿಕಪ್ಪಿನಿಂದ ಇಳಿಸಿದ ಸಂಜೆ ಅದು ನೇರ ಹಟ್ಟಿಯ ಮೂಲೆಗೆ ಹೋಗಿ, ಹಿಂಭಾಗವನ್ನು ಗೋಡೆಗೆ ಒತ್ತಿಕೊಂಡು, ತಲೆ ತಗ್ಗಿಸಿ ನಿಂತಿತು. ಕಣ್ಣಿನ ಬಿಳಿ ಕಾಣುತ್ತಿತ್ತು. ಸಮಾಧಾನ ಮಾಡೋಣವೆಂದು ನಾನು ಹಣೆ ಸವರಲು ಕೈ ಚಾಚಿದೆ. ಬಳ್ಳಿ (ಹಗ್ಗ) ಕಡಿದುಹೋಗುವಷ್ಟು ಜಗ್ಗಿತು. ಬಾಗಿಲಲ್ಲಿ ನಿಂತಿದ್ದ ಅತ್ತೆ ಹೇಳಿದರು: "ನೀನು ಹೋಗೆಡ. ಅದಾಗಿ ಬಕ್ಕು." ನೀನು ಹೋಗಬೇಡ, ಅದಾಗಿಯೇ ಬರುತ್ತದೆ ಎಂದು ಅರ್ಥ. ಅದಾಗಿ ಬರಲು 24 ದಿನ ಬೇಕಾಯಿತು.

ಕಾಸರಗೋಡು ಜಿಲ್ಲೆಯ ಪೆರ್ಲ, ಬದಿಯಡ್ಕ, ಮುಳ್ಳೇರಿಯ ಕಡೆಯ ಹಳೆ ಮನೆಗಳಿಂದ ಒಂದೋ ಎರಡೋ ಗಿಡ್ಡ ದನ ತಂದು ಸಾಕಬೇಕು ಅಂದುಕೊಂಡವರಿಗಾಗಿ ಇದನ್ನು ಬರೆಯುತ್ತಿದ್ದೇನೆ. ಮೇವು, ರೋಗ, ತಳಿಯ ಬಗ್ಗೆ ಹೇಳುವವರು ಬೇಕಾದಷ್ಟು ಜನ ಇದ್ದಾರೆ. ದನ ನಿಮ್ಮನ್ನು ನಂಬುವಂತೆ ಮಾಡುವುದು ಹೇಗೆ ಎಂದು ಹೇಳುವವರು ಕಡಿಮೆ. ಆದರೆ ಮೇವು, ಮದ್ದು, ಹಾಲು ಎಲ್ಲವೂ ಆ ನಂಬಿಕೆಯ ಮೇಲೆಯೇ ನಿಂತಿವೆ.

ಈ ದನದ ಸ್ವಭಾವ ಮೊದಲು ತಿಳಿದುಕೊಳ್ಳಿ

ಕಾಸರಗೋಡು ಗಿಡ್ಡ ಎಂದರೆ ಹೆಚ್ಚಾಗಿ ಒಂದು ಮೀಟರಿಗಿಂತ ಎತ್ತರ ಇಲ್ಲದ ದನ. ಹಾಲು ದಿನಕ್ಕೆ ಒಂದೆರಡು ಲೀಟರ್. ನಮ್ಮ ಕಡೆ ಇದನ್ನು ಸಾಕುತ್ತಿದ್ದದ್ದು ಹಾಲಿಗಿಂತ ಹೆಚ್ಚು ಗೊಬ್ಬರಕ್ಕೆ. ಬೆಳಿಗ್ಗೆ ಗೇಟು ತೆಗೆದು ಗುಡ್ಡೆಗೆ ಬಿಡುವುದು, ಸಂಜೆ ಅದಾಗಿಯೇ ಬರುವುದು, ರಾತ್ರಿ ಹಟ್ಟಿಗೆ ಹಾಕಿದ ಸೊಪ್ಪಿನ ಮೇಲೆ ಮಲಗುವುದು. ಮುರಕಲ್ಲಿನ ಗುಡ್ಡೆಯಲ್ಲಿ ಮುಳಿಹುಲ್ಲು, ಪೊದೆಯ ಚಿಗುರು ತಿಂದು ಬದುಕಲು ಗೊತ್ತಿರುವ ಪ್ರಾಣಿ ಅದು. ಮನುಷ್ಯನ ಕೈ ಅದರ ಮೈಮೇಲೆ ಬೀಳುತ್ತಿದ್ದದ್ದು ಕರು ಹಾಕಿದಾಗ, ಕಾಯಿಲೆ ಬಿದ್ದಾಗ, ಮಾರುವಾಗ. ಎಂದರೆ ಮುಟ್ಟಿದರೆ ಏನೋ ಕೆಟ್ಟದು ಎಂಬ ಲೆಕ್ಕ ಅದರ ತಲೆಯಲ್ಲಿ ಮೊದಲೇ ಇರುತ್ತದೆ.

ಜರ್ಸಿ, ಎಚ್‌ಎಫ್ ಮೊದಲಾದ ವಿದೇಶಿ ತಳಿ ಸಾಕಿ ಅಭ್ಯಾಸ ಇದ್ದವರು ಎಡವುವುದು ಇಲ್ಲೇ. ಆ ದನಗಳು ಹುಟ್ಟಿದಾಗಿನಿಂದ ಕೈಯಲ್ಲೇ ಬೆಳೆದಿರುತ್ತವೆ. ಗಿಡ್ಡ ಹಾಗಲ್ಲ. ಅದು "ಪೋಕ್ರಿ" ಅಲ್ಲ, "ಹಾಯುವ ಜಾತಿ"ಯೂ ಅಲ್ಲ. ಅದಕ್ಕೆ ನಿಮ್ಮ ಪರಿಚಯ ಇಲ್ಲ, ಅಷ್ಟೇ. ತಳಿ ಸರಿಯಾಗಿ ನೋಡಿ ತಿಳಿಯಬೇಕು ಅಂದರೆ ಬದಿಯಡ್ಕದ ಹತ್ತಿರ ಬೇಳದಲ್ಲಿ ಕೇರಳ ಸರ್ಕಾರದ ಕಾಸರಗೋಡು ಗಿಡ್ಡ ತಳಿ ಸಂರಕ್ಷಣಾ ಕೇಂದ್ರ ಇದೆ. ಅಲ್ಲಿ ಒಂದಷ್ಟು ಹೊತ್ತು ನಿಂತು ದನಗಳು ಒಂದಕ್ಕೊಂದು ಹೇಗೆ ವರ್ತಿಸುತ್ತವೆ ಎಂದು ನೋಡಿ ಬನ್ನಿ.

ಮೊದಲ ಹೆಜ್ಜೆ: ಕೊಡುವವರ ಮನೆಯಲ್ಲಿ ಒಂದು ಸಂಜೆ

ದುಡ್ಡು ಕೊಟ್ಟು ಬಳ್ಳಿ ಹಿಡಿದು ಹೊರಟುಬಿಡಬೇಡಿ. ದನ ಮೇದು ಬರುವ ಹೊತ್ತಿಗೆ ಹೋಗಿ, ಹಾಲು ಕರೆಯುವವರೆಗೆ ಕುಳಿತುಕೊಳ್ಳಿ. ಯಾರು ಕರೆಯುತ್ತಾರೆ, ಯಾವ ಬದಿಯಿಂದ ಕೂರುತ್ತಾರೆ, ಎಷ್ಟು ಗಂಟೆಗೆ, ಯಾವ ಬಾಲ್ದಿ, ಅಕ್ಕಚ್ಚಿಗೆ (ದನಕ್ಕೆ ಕುಡಿಯಲು ಕೊಡುವ ಗಂಜಿನೀರಿಗೆ) ಏನು ಹಾಕುತ್ತಾರೆ, ಹಟ್ಟಿಯಲ್ಲಿ ಪಕ್ಕದಲ್ಲಿ ನಿಲ್ಲುವ ದನ ಯಾವುದು ಎಂದೆಲ್ಲ ಕೇಳಿ ಒಂದು ಹಾಳೆಯಲ್ಲಿ ಬರೆದುಕೊಳ್ಳಿ.

ಬಹಳ ಮುಖ್ಯವಾದದ್ದು: ಯಾವ ಭಾಷೆ. ಏಳು ಭಾಷೆಯ ನಾಡು ಎಂದು ನಾವು ಹೆಮ್ಮೆಯಿಂದ ಹೇಳಿಕೊಳ್ಳುವ ಈ ಜಿಲ್ಲೆಯಲ್ಲಿ ದನಕ್ಕೂ ಮನೆಮಾತು ಇದೆ. ತುಳು ಮನೆಯ ದನ "ಬಲ ಬಲ" ಎಂದರೆ ಬರುತ್ತದೆ, ಹವ್ಯಕರ ಮನೆಯದು "ಬಾ ಬಾ" ಎಂದರೆ. ಅಮ್ಮಿಣಿ ಮುಳ್ಳೇರಿಯದ ಆಚೆ ಒಂದು ಮಲಯಾಳಂ ಮನೆಯಲ್ಲಿ ಬೆಳೆದದ್ದು. ಅಲ್ಲಿಯ ಚೇಚಿ ಅದನ್ನು "ವಾ ಮೋಳೇ" ಎಂದು ಕರೆಯುತ್ತಿದ್ದರು, ಬಾ ಮಗಳೇ ಎಂದು. ನಾನು ಆ ಎರಡು ಶಬ್ದವನ್ನು ಅವರ ರಾಗದಲ್ಲೇ ಕಲಿತುಕೊಂಡೆ. ಹೆಸರನ್ನೂ ಬದಲಿಸಲಿಲ್ಲ. ಹೊಸ ಮನೆ, ಹೊಸ ವಾಸನೆ, ಹೊಸ ಮುಖಗಳ ನಡುವೆ ಅದಕ್ಕೆ ಗೊತ್ತಿರುವ ಒಂದೇ ಒಂದು ಶಬ್ದವಾದರೂ ಉಳಿಯಲಿ.

ಹೊರಡುವಾಗ ಹಳೆಯ ಬಳ್ಳಿಯನ್ನೇ ಕೇಳಿ ತನ್ನಿ. ಹೊಸ ನೈಲಾನ್ ಬಳ್ಳಿ ಮೊದಲ ದಿನವೇ ಬೇಡ. ಒಂದು ಗೋಣಿಯಲ್ಲಿ ಆ ಹಟ್ಟಿಯ ಸೊಪ್ಪು, ಬೈಹುಲ್ಲು ತುಂಬಿಸಿಕೊಳ್ಳಿ. ದನ ಲೋಕವನ್ನು ಅರಿಯುವುದರಲ್ಲಿ ಮೂಗಿನ ಪಾಲು ದೊಡ್ಡದು. ಸಾಧ್ಯವಿದ್ದರೆ ಎರಡು ದನ ತನ್ನಿ, ಇಲ್ಲವೇ ತಾಯಿ-ಕರು ಒಟ್ಟಿಗೆ. ಹಿಂಡಿನ ಪ್ರಾಣಿಯನ್ನು ಒಂಟಿಯಾಗಿ ತಂದು ಕಟ್ಟಿದರೆ ಅದರ ಹೆದರಿಕೆ ಇಳಿಯಲು ಎರಡು ಪಟ್ಟು ದಿನ ಬೇಕು, ಇದು ನನ್ನ ಅನುಭವ. ರಾಜ್ಯದ ಗಡಿ ದಾಟಿಸಿ ತರುವುದಾದರೆ ಪಶುವೈದ್ಯರ ಪ್ರಮಾಣಪತ್ರ ಮೊದಲೇ ಮಾಡಿಸಿಕೊಳ್ಳಿ. ಇಲ್ಲವಾದರೆ ದಾರಿಯಲ್ಲಿ ಗಂಟೆಗಟ್ಟಲೆ ನಿಂತು ಒದ್ದಾಡುವುದು ದನವೇ.

ಎರಡನೆಯದು: ಹಟ್ಟಿಯನ್ನು ಅದರ ಕಣ್ಣಿನಿಂದ ನೋಡಿ

ದನದ ಕಣ್ಣು ತಲೆಯ ಎರಡು ಬದಿಗೆ ಇರುವುದರಿಂದ ಸುಮಾರು 330 ಡಿಗ್ರಿ ಅದಕ್ಕೆ ಕಾಣುತ್ತದೆ. ಕಾಣದೇ ಇರುವುದು ಬಾಲದ ಹಿಂದೆ, ಮತ್ತೆ ಮೂಗಿನ ತೀರಾ ಮುಂದೆ ಸ್ವಲ್ಪ ಜಾಗ. ಆದರೆ ಆಳ, ದೂರದ ಅಂದಾಜು ನಮ್ಮಷ್ಟು ಇಲ್ಲ. ನೆಲದ ಮೇಲೆ ಬಿದ್ದ ನೆರಳು ಅದಕ್ಕೆ ಹೊಂಡದ ಹಾಗೆ ಕಾಣಬಹುದು. ಬಿಸಿಲಿನಿಂದ ಕತ್ತಲೆಗೆ ಹೊಂದಿಕೊಳ್ಳಲು ಅದರ ಕಣ್ಣಿಗೆ ನಮ್ಮದಕ್ಕಿಂತ ಹೆಚ್ಚು ಹೊತ್ತು ಬೇಕು. ಆದ್ದರಿಂದ ಸಂಜೆ ದನ ಹಟ್ಟಿಯ ಬಾಗಿಲಲ್ಲಿ ನಿಂತುಬಿಟ್ಟರೆ ಅದು ಹಟಮಾರಿತನ ಅಲ್ಲ, ಒಳಗೆ ಏನಿದೆ ಎಂದು ಕಾಣುತ್ತಿಲ್ಲ. ಒಳಗೊಂದು ಬಲ್ಬು ಹಾಕಿ, ಕಾಯಿರಿ. ಬೆನ್ನಿಗೆ ಕೋಲು ಹಾಕಬೇಡಿ.

ನೀವು ಒಮ್ಮೆ ಹಟ್ಟಿಯಲ್ಲಿ ಬಗ್ಗಿ, ಅದರ ಕಣ್ಣಿನ ಮಟ್ಟಕ್ಕೆ ತಲೆ ತಂದು ನೋಡಿ. ಗಾಳಿಗೆ ಹಾರುವ ಟಾರ್ಪಾಲಿನ ತುದಿ, ಮೊಳೆಗೆ ನೇತುಹಾಕಿದ ಹೊಳೆಯುವ ಕತ್ತಿ, ತಗಡಿನ ಮಾಡಿನಿಂದ ತೊಟ್ಟಿಕ್ಕುವ ನೀರು, ಒಂದೊಂದೂ ಅಲ್ಲಿಂದ ಬೇರೆಯೇ ಕಾಣುತ್ತದೆ. ನಮ್ಮಲ್ಲಿ ಜೂನಿನಲ್ಲಿ ಮಳೆ ಹಿಡಿದರೆ ತಗಡಿನ ಸದ್ದು ದಿನವಿಡೀ ಇರುತ್ತದೆ, ಆದ್ದರಿಂದ ಹೊಸ ದನ ಮಳೆಗಾಲದಲ್ಲಿ ತರಬೇಡಿ. ನವೆಂಬರಿನಿಂದ ಫೆಬ್ರವರಿ ಒಳ್ಳೆಯ ಕಾಲ. ನೆಲ ಜಾರಬಾರದು. ಜಾರುವ ನೆಲದ ಮೇಲೆ ನಿಂತ ಪ್ರಾಣಿ ಯಾರನ್ನೂ ನಂಬಲಾರದು, ಅದಕ್ಕೆ ತನ್ನ ಕಾಲೇ ನಂಬಿಕೆಗೆ ಬರುವುದಿಲ್ಲ. ಮನೆಯ ನಾಯಿಯನ್ನು ಮೊದಲ ವಾರ ಹಟ್ಟಿಯ ಹತ್ತಿರ ಬಿಡಬೇಡಿ.

ಮೂರನೆಯದು: ಮೂರು ದಿನ ಏನೂ ಮಾಡದೆ ಇರುವುದು

ಎಲ್ಲಕ್ಕಿಂತ ಕಷ್ಟದ ಕೆಲಸ ಇದು. ನೀರು, ಹುಲ್ಲು ಇಡಿ, ಸಗಣಿ ತೆಗೆಯಿರಿ, ಅಷ್ಟೇ. ಮುಟ್ಟಬೇಡಿ. ನೆಂಟರನ್ನು ಕರೆದು ತೋರಿಸಬೇಡಿ, ಫೋಟೋ ಬೇಡ. ಮಕ್ಕಳಿಗೆ ಹೇಳಿ ಒಪ್ಪಿಸಿ. ಬೆಳಿಗ್ಗೆ ಮತ್ತು ಸಂಜೆ ಒಂದೇ ಹೊತ್ತಿಗೆ, ಅರ್ಧ ಗಂಟೆ, ಹಟ್ಟಿಯ ಬಾಗಿಲಿನ ಹತ್ತಿರ ಒಂದು ಮಣೆ ಹಾಕಿ ಕುಳಿತುಕೊಳ್ಳಿ. ದನದ ಕಣ್ಣನ್ನೇ ನೋಡುತ್ತಾ ಕೂರಬೇಡಿ. ತರಕಾರಿ ಹೆಚ್ಚಿ, ಅಡಿಕೆ ಸುಲಿಯಿರಿ. ನಾನು ಅಡಿಕೆ ಸುಲಿಯುತ್ತಿದ್ದೆ. ಆ ಟಕ್ ಟಕ್ ಸದ್ದು ಅದಕ್ಕೆ ನನ್ನ ಗುರುತಾಯಿತು ಎಂದು ಆಮೇಲೆ ಗೊತ್ತಾಯಿತು, ಈಗಲೂ ಮೆಟ್ಟುಕತ್ತಿ ಎತ್ತಿಕೊಂಡರೆ ಕಿವಿ ನನ್ನ ಕಡೆ ತಿರುಗುತ್ತದೆ.

ಒಂದೇ ಅಂಗಿ ಅಥವಾ ಒಂದೇ ಬಣ್ಣದ ನೈಟಿ ಹಾಕಿಕೊಂಡು ಹೋಗಿ. ದನಗಳು ಜನರನ್ನು ಬಟ್ಟೆಯ ಬಣ್ಣದಿಂದಲೂ ಮುಖದಿಂದಲೂ ಗುರುತಿಸುತ್ತವೆ ಎಂದು ಪ್ರಯೋಗಗಳಲ್ಲಿ ಕಂಡಿದ್ದಾರೆ. ಒರಟಾಗಿ ನಡೆಸಿಕೊಂಡವನು ಯಾರು, ಮೃದುವಾಗಿ ನಡೆಸಿಕೊಂಡವನು ಯಾರು ಎಂದೂ ಬೇರೆ ಮಾಡುತ್ತವೆ. ಘಾಟಿನ ಸೆಂಟು, ಪೌಡರು ಬೇಡ.

ಈ ಮೂರು ದಿನದಲ್ಲಿ ನೀವು ಕಾಯಬೇಕಾದ ಒಂದೇ ಸಂಗತಿ ಮೆಲುಕು. ನೀವು ಅಲ್ಲಿ ಕುಳಿತಿರುವಾಗಲೇ ಅದು ಮೆಲುಕು ಹಾಕಲು ಸುರು ಮಾಡಿದರೆ ಮೊದಲ ಬಾಗಿಲು ತೆರೆಯಿತು ಅಂತ. ಹೆದರಿದ ದನ ಮೆಲುಕು ಹಾಕುವುದಿಲ್ಲ. ನೀವು ಕೂತಿರುವಾಗ ಅದು ಮಲಗಿತು ಅಂದರೆ ಇನ್ನೂ ದೊಡ್ಡದು. ಮೂರು ದಿನದಲ್ಲಿ ಆಗದಿದ್ದರೆ ಐದು ದಿನ ಕೂರಿ, ಏಳು ದಿನ ಕೂರಿ.

ನಾಲ್ಕನೆಯದು: ದೂರವನ್ನು ಅಳೆಯುವುದು, ಹಿಂದೆ ಸರಿಯುವುದು

ಪ್ರತಿ ದನದ ಸುತ್ತ ಕಾಣದ ಒಂದು ಬೇಲಿ ಇದೆ. ಅದರ ಹೊರಗೆ ನಿಂತರೆ ದನ ನಿಮ್ಮನ್ನು ನೋಡುತ್ತದೆ, ಒಳಗೆ ಕಾಲಿಟ್ಟರೆ ಸರಿಯುತ್ತದೆ. ಗುಡ್ಡೆಯ ದನಕ್ಕೆ ಆ ಬೇಲಿ ಹತ್ತು ಮಾರು ದೂರದಲ್ಲಿರಬಹುದು, ಕೈಯಲ್ಲಿ ಬೆಳೆದದ್ದಕ್ಕೆ ಇರುವುದೇ ಇಲ್ಲ. ನಿಮ್ಮ ಕೆಲಸ ಆ ಬೇಲಿಯನ್ನು ದಿನಕ್ಕೆ ಒಂದು ಗೇಣಿನಷ್ಟು ಒಳಗೆ ತರುವುದು.

ಹೀಗೆ ಮಾಡಿ. ಎದುರಿನಿಂದ ಅಲ್ಲ, ಹಿಂದಿನಿಂದ ಅಲ್ಲ, ಭುಜದ ಓರೆಗೆ, ಅದಕ್ಕೆ ಕಾಣುವ ಹಾಗೆ ನಿಧಾನ ನಡೆಯಿರಿ. ಮೊದಲೇ ಹೆಸರು ಕರೆಯಿರಿ, ಸಣ್ಣ ದನಿಯಲ್ಲಿ. ದನಕ್ಕೆ ನಮಗೆ ಕೇಳದಷ್ಟು ತೀಕ್ಷ್ಣ ಸದ್ದುಗಳೂ ಕೇಳುತ್ತವೆ, ಕಬ್ಬಿಣದ ಬಾಲ್ದಿ ಠಣ್ ಎಂದು ಇಟ್ಟರೆ ನಿಮ್ಮ ಅರ್ಧ ವಾರದ ಕೆಲಸ ಹೋಯಿತು. ಅದು ಕಿವಿ ನೆಟ್ಟಗೆ ಮಾಡಿ, ತಲೆ ಎತ್ತಿ, ಇನ್ನೇನು ಕಾಲು ಎತ್ತುತ್ತದೆ ಎನ್ನುವಾಗ ನಿಲ್ಲಿ. ನಿಂತು ಉಸಿರು ಬಿಡಿ. ಅದು ಕಾಲು ಎತ್ತದೆ ನಿಂತರೆ, ತಲೆ ಸ್ವಲ್ಪ ಇಳಿಸಿದರೆ, ಆಗ ನೀವು ಎರಡು ಹೆಜ್ಜೆ ಹಿಂದೆ ಬನ್ನಿ. ಹಿಂದೆ ಬರುವುದೇ ಕಲಿಕೆ. "ನಾನು ಓಡದೆ ನಿಂತರೆ ಈ ಮನುಷ್ಯ ತಾನಾಗಿ ಹೋಗುತ್ತಾನೆ" ಎಂದು ಅದಕ್ಕೆ ಗೊತ್ತಾಗಬೇಕು. ನಮ್ಮ ಪೈಕಿ ಹೆಚ್ಚಿನವರು ದನ ನಿಂತ ಕೂಡಲೇ ಅವಕಾಶ ಸಿಕ್ಕಿತೆಂದು ಮುನ್ನುಗ್ಗುತ್ತೇವೆ. ಮಾರನೆಯ ದಿನ ಅದು ನಿಲ್ಲುವುದಿಲ್ಲ.

ಗಿಡ್ಡ ದನ ನಮ್ಮ ಸೊಂಟದ ಮಟ್ಟಕ್ಕೆ ಬರುವಂಥದ್ದು, ನಾವು ಅದರ ಮೇಲೆ ಮರದ ಹಾಗೆ ನಿಂತಿರುತ್ತೇವೆ. ಹತ್ತಿರ ಹೋದಷ್ಟು ತಗ್ಗಿರಿ. ಆದರೆ ಮೊದಲ ದಿನಗಳಲ್ಲೇ ಪೂರಾ ಕುಕ್ಕರಗಾಲಲ್ಲಿ ಕೂರಬೇಡಿ, ಅದು ತಲೆ ಕೊಟ್ಟರೆ ಏಳಲು ಆಗುವುದಿಲ್ಲ.

ಅಕ್ಕಚ್ಚು ಈಗ ಸಹಾಯಕ್ಕೆ ಬರುತ್ತದೆ. ಅಕ್ಕಿ ತೊಳೆದ ನೀರು, ಗಂಜಿತಿಳಿ, ಬಾಳೆಹಣ್ಣಿನ ಸಿಪ್ಪೆ, ಒಂದು ಮುಷ್ಟಿ ಹಿಂಡಿ, ಚಿಟಿಕೆ ಉಪ್ಪು, ಉಗುರುಬೆಚ್ಚಗೆ. ಬಾಲ್ದಿಯನ್ನು ಮೊದಲು ದೂರ ಇಟ್ಟು ನೀವು ಸರಿಯಿರಿ. ದಿನ ಕಳೆದಂತೆ ಬಾಲ್ದಿ ನಿಮಗೆ ಹತ್ತಿರವಾಗಲಿ, ಕೊನೆಗೆ ನಿಮ್ಮ ಕೈಯಲ್ಲಿರಲಿ. ಪ್ರೀತಿ ಹೆಚ್ಚಾಗಿ ಅನ್ನ, ದೋಸೆ, ಹಲಸಿನ ಹಣ್ಣು ರಾಶಿ ಹಾಕಬೇಡಿ. ಹೊಟ್ಟೆಯಲ್ಲಿ ಹುಳಿ ಏರಿ ದನ ಸತ್ತೇ ಹೋಗಬಹುದು, ನಮ್ಮ ಕಡೆ ಹಲಸಿನ ಕಾಲದಲ್ಲಿ ಮತ್ತು ಮದುವೆ ಜಂಬಾರದ ಮರುದಿನ ಇದು ಆಗುತ್ತದೆ. ದೀಪಾವಳಿಯ ಗೋಪೂಜೆಯ ದಿನವೂ ಒಂದೆರಡು ಕಡುಬಿಗಿಂತ ಹೆಚ್ಚು ಬೇಡ. ಮರಗೆಣಸಿನ ಹಸಿ ಸೊಪ್ಪು ಬೇಡವೇ ಬೇಡ, ಅದರಲ್ಲಿ ಸೈನೈಡ್ ವಿಷ ಇದೆ.

ಐದನೆಯದು: ಮುಟ್ಟುವುದು

24ನೇ ದಿನ ಸಂಜೆ ನಾನು ಬಾಲ್ದಿಯನ್ನು ಮೊಣಕಾಲಿನ ನಡುವೆ ಹಿಡಿದು ಕೂತಿದ್ದೆ. ಅಮ್ಮಿಣಿ ಕುಡಿದು ಮುಗಿಸಿ ಮೂತಿ ಎತ್ತಿತು. ಸಾಮಾನ್ಯವಾಗಿ ಕೂಡಲೇ ತಿರುಗಿ ಹೋಗುತ್ತಿತ್ತು. ಆ ದಿನ ಹೋಗಲಿಲ್ಲ. ಗದ್ದದಿಂದ ಅಕ್ಕಚ್ಚು ನನ್ನ ಕಾಲ ಮೇಲೆ ತೊಟ್ಟಿಕ್ಕುತ್ತಿತ್ತು. ಮೂತಿಯನ್ನು ನನ್ನ ಮೊಣಕೈ ಹತ್ತಿರ ತಂದು ದೀರ್ಘವಾಗಿ ಮೂಸಿತು, ಬಿಸಿ ಉಸಿರು ಬಂತು, ಮತ್ತೆ ಮರಳುಕಾಗದದಂಥ ನಾಲಿಗೆಯಿಂದ ಒಮ್ಮೆ ನೆಕ್ಕಿತು. ಬಹುಶಃ ಬೆವರಿನ ಉಪ್ಪಿಗೆ. ನಾನು ಅಲುಗಾಡಲಿಲ್ಲ. ಎರಡನೇ ಸಲ ನೆಕ್ಕಿದ ಮೇಲೆ ಕೈಯ ಹಿಂಭಾಗವನ್ನು ನಿಧಾನ ಅದರ ಕುತ್ತಿಗೆಯ ಕೆಳಗೆ, ಗಂಗೆದೊಗಲಿಗೆ ತಾಗಿಸಿದೆ. ಚರ್ಮ ಒಮ್ಮೆ ನಡುಗಿತು, ನೊಣ ಕೂತರೆ ನಡುಗುವ ಹಾಗೆ. ಆಮೇಲೆ ನಿಂತಿತು.

ಮುಟ್ಟುವ ಜಾಗ ಹಣೆ ಅಲ್ಲ. ದನಗಳು ಹಣೆಯಿಂದ ಹಣೆಗೆ ಗುದ್ದಾಡುತ್ತವೆ, ಹಣೆಗೆ ಕೈ ಹಾಕುವುದೆಂದರೆ ಜಗಳಕ್ಕೆ ಕರೆದ ಹಾಗೆ. ಎರಡು ದನ ಸ್ನೇಹದಿಂದ ಇರುವಾಗ ನೆಕ್ಕಿಕೊಳ್ಳುವುದು ಕುತ್ತಿಗೆ, ಕುತ್ತಿಗೆಯ ಕೆಳಭಾಗ, ಹೆಗಲು. ಆಸ್ಟ್ರಿಯಾದ ವಿಯೆನ್ನಾದ ಪಶುವೈದ್ಯ ವಿಶ್ವವಿದ್ಯಾಲಯದವರು ದನಗಳ ಬೇರೆ ಬೇರೆ ಭಾಗ ಸವರಿ ನೋಡಿದಾಗಲೂ ಕುತ್ತಿಗೆಯ ಕೆಳಗೆ ಸವರಿದಾಗಲೇ ಅವು ಕತ್ತು ಚಾಚಿ, ಕಿವಿ ಜೋತುಬಿಟ್ಟು ನಿಂತವು. ಅತ್ತೆಗೆ ಇದು ಯಾರೂ ಹೇಳಿಕೊಟ್ಟದ್ದಲ್ಲ. ಅವರ ಕೈ ಯಾವಾಗಲೂ ಮೊದಲು ಗಂಗೆದೊಗಲಿಗೇ ಹೋಗುತ್ತದೆ. ಪಟಪಟ ತಟ್ಟಬೇಡಿ. ಒತ್ತಿ, ಉದ್ದಕ್ಕೆ, ಇನ್ನೊಂದು ದನ ನೆಕ್ಕುವ ಹಾಗೆ ಸವರಿ.

ಒಂದು ವಾರ ಸವರಿದ ಮೇಲೆ ಉಣುಗು ತೆಗೆಯಲು ಸುರು ಮಾಡಿ. ಗುಡ್ಡೆಗೆ ಹೋಗಿ ಬರುವ ದನಕ್ಕೆ ಕಿವಿಯೊಳಗೆ, ಕೆಚ್ಚಲಿನ ಹಿಂದೆ, ಬಾಲದ ಬುಡದಲ್ಲಿ ಉಣುಗು ಇದ್ದೇ ಇರುತ್ತದೆ. ಅದರ ನಾಲಿಗೆ ಸುಲಭವಾಗಿ ತಲುಪದ ಜಾಗ ಅವು. ಅಲ್ಲಿಯ ತುರಿಕೆಯನ್ನು ನೀವು ತೆಗೆದುಕೊಟ್ಟರೆ ದನಕ್ಕೆ ನಿಮ್ಮ ಕೈಯ ಅರ್ಥವೇ ಬದಲಾಗುತ್ತದೆ. ನನ್ನ ಮಟ್ಟಿಗೆ, ಈ ಇಡೀ ಬರಹದಲ್ಲಿ ಒಂದೇ ಕೆಲಸ ಆರಿಸಿ ಮಾಡುತ್ತೇನೆ ಎನ್ನುವವರಿಗೆ ಇದನ್ನೇ ಹೇಳುತ್ತೇನೆ. ತೆಗೆದದ್ದನ್ನು ಬರಿಗೈಯಲ್ಲಿ ಹಿಸುಕಬೇಡಿ, ಸೀಮೆಎಣ್ಣೆ ಹಾಕಿದ ಕರಟಕ್ಕೆ ಹಾಕಿ. ಕೈ ತೊಳೆಯಿರಿ.

ದಿನಾ ಮೈ ಮುಟ್ಟುವವರಿಗೆ ಇನ್ನೊಂದು ಲಾಭ ಇದೆ: ದೇಹದಲ್ಲಿ ಏನಾದರೂ ತಪ್ಪಿದರೆ ಮೊದಲು ಅವರ ಕೈಗೆ ಗೊತ್ತಾಗುತ್ತದೆ. ಕಿವಿಯ ಬುಡ ತಣ್ಣಗಿದೆಯೇ, ಮೂತಿ ಒಣಗಿದೆಯೇ, ಎಡ ಪಕ್ಕೆ ಉಬ್ಬಿದೆಯೇ. ನಮ್ಮ ಜಿಲ್ಲೆಯ ಎಣ್ಮಕಜೆಯ ಪಡ್ರೆಯಲ್ಲಿ ಗೇರು ತೋಟಗಳ ಮೇಲೆ ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಕೀಟನಾಶಕ ಸುರಿಯುತ್ತಿದ್ದ ಕಾಲದಲ್ಲಿ, 1970ರ ದಶಕದ ಕೊನೆಗೆ, ಏನೋ ಕೆಟ್ಟದ್ದು ನಡೆಯುತ್ತಿದೆ ಎಂಬ ಮೊದಲ ಸುಳಿವು ಸಿಕ್ಕಿದ್ದು ಕೈಕಾಲು ಸೊಟ್ಟಗಾಗಿ ಹುಟ್ಟಿದ ಕರುಗಳಲ್ಲಿ. ಅಲ್ಲಿಯವರೇ ಆದ ಪತ್ರಕರ್ತ ಶ್ರೀ ಪಡ್ರೆ 1981ರಲ್ಲಿ ಅದನ್ನು ಬರೆದರು. ಮನುಷ್ಯರ ಕಷ್ಟ ಲೋಕಕ್ಕೆ ಗೊತ್ತಾಗುವ ಎಷ್ಟೋ ಮೊದಲು ಹಟ್ಟಿಯಲ್ಲಿ ಕರು ನೋಡಿಕೊಳ್ಳುವವರು ಅದನ್ನು ಕಂಡಿದ್ದರು. ನಾನು ಹಟ್ಟಿಗೆ ಹೋದಾಗಲೆಲ್ಲ ಈ ಸಂಗತಿ ನೆನಪಿಗೆ ಬರುತ್ತದೆ.

ಆರನೆಯದು: ಹಾಲು

ಹೆದರಿದ ದನ ಹಾಲನ್ನು ಮೇಲಕ್ಕೆ ಎಳೆದುಕೊಳ್ಳುತ್ತದೆ ಎಂದು ಹಿರಿಯರು ಹೇಳುವುದು ಸರಿ. ಕರು ಬಾಯಿ ಹಾಕಿದಾಗ ಅಥವಾ ಪರಿಚಯದ ಕೈ ತಾಗಿದಾಗ ಮೆದುಳಿನಿಂದ ಆಕ್ಸಿಟೋಸಿನ್ ಎಂಬ ರಸ ಇಳಿಯುತ್ತದೆ, ಅದು ಹಾಲನ್ನು ಮೊಲೆಗೆ ತಳ್ಳುತ್ತದೆ. ಅದರ ಜೋರು ಐದರಿಂದ ಎಂಟು ನಿಮಿಷ ಮಾತ್ರ. ಹೆದರಿಕೆಯಲ್ಲಿ ಬರುವ ಅಡ್ರಿನಲಿನ್ ಅದಕ್ಕೆ ಅಡ್ಡ ನಿಲ್ಲುತ್ತದೆ. ಹಾಗಾಗಿ ಕರೆಯುವ ಮೊದಲು ಗದ್ದಲ ಬೇಡ, ಕರೆಯಲು ಕೂತ ಮೇಲೆ ಫೋನು ಬೇಡ.

ಮೊದಲು ಕರು ಕುಡಿಯಲಿ. ಬೆಚ್ಚಗಿನ ನೀರಲ್ಲಿ ಕೆಚ್ಚಲು ತೊಳೆದು, ಬೆರಳಿಗೆ ಒಂದಿಷ್ಟು ಎಣ್ಣೆ ಹಚ್ಚಿ, ಕರುವನ್ನು ತಾಯಿಯ ಮುಖದ ಹತ್ತಿರ ಕಟ್ಟಿ. ತಾಯಿಗೆ ಕಾಣದ ಹಾಗೆ ಕರುವನ್ನು ಎಳೆದುಕೊಂಡು ಹೋಗುವುದು ಕೆಟ್ಟ ಅಭ್ಯಾಸ. ಗಿಡ್ಡ ದನದ ಹಾಲಲ್ಲಿ ಕರುವಿಗೆ ಅರ್ಧ ಬಿಡಿ. ನಿಮಗೆ ಕುಡ್ತೆ (ಸಣ್ಣ ಅಳತೆ) ಲೆಕ್ಕದಲ್ಲಿ ಸಿಕ್ಕಿದರೂ ತಾಯಿಯ ಕಣ್ಣಿನಲ್ಲಿ ನೀವು ಕಳ್ಳರಾಗುವುದಿಲ್ಲ. ದನ ತುಳಿದರೆ, ನಮ್ಮ ಕಡೆಯ ಅರ್ಥದಲ್ಲಿ ಒದ್ದರೆ, ಹೊಡೆಯಬೇಡಿ. ಉಗುರು ಉದ್ದ ಇದೆಯೇ, ಮೊಲೆಯಲ್ಲಿ ಬಿರುಕು ಇದೆಯೇ, ಬಾವು ಇದೆಯೇ ನೋಡಿ. ಹತ್ತರಲ್ಲಿ ಏಳು ಸಲ ನೋವೇ ಕಾರಣ ಎಂದು ನಾನು ಕಂಡದ್ದು.

ಇಂಗ್ಲೆಂಡಿನ ನ್ಯೂಕಾಸಲ್ ವಿಶ್ವವಿದ್ಯಾಲಯದವರು 516 ಜನ ಹೈನುಗಾರರನ್ನು ವಿಚಾರಿಸಿ 2009ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ದನಗಳಿಗೆ ಹೆಸರಿಟ್ಟು ಕರೆಯುವವರ ಹಟ್ಟಿಯಲ್ಲಿ ದನವೊಂದಕ್ಕೆ ವರ್ಷಕ್ಕೆ 250 ಲೀಟರಿಗಿಂತ ಹೆಚ್ಚು ಹಾಲು ಜಾಸ್ತಿ ಇತ್ತು. ಹೆಸರು ಹಾಲು ಕೊಡುವುದಿಲ್ಲ. ಹೆಸರಿಡುವವರು ಪ್ರತಿಯೊಂದನ್ನೂ ಬೇರೆ ಬೇರೆಯಾಗಿ ನೋಡುತ್ತಾರೆ ಎಂದು ನಾನು ಅರ್ಥ ಮಾಡಿಕೊಂಡಿದ್ದೇನೆ.

ಏಳನೆಯದು: ಗುಡ್ಡೆಗೆ ಬಿಡುವುದು

ಒಂದೂವರೆ ತಿಂಗಳಾದ ಮೇಲೆ, ಕರೆದರೆ ಬರುತ್ತದೆ ಎಂದು ಗಟ್ಟಿಯಾದ ಮೇಲೆ ಮಾತ್ರ. ಮೊದಲ ವಾರ ಉದ್ದ ಬಳ್ಳಿಯಲ್ಲಿ ನೀವೂ ಜೊತೆಗೆ ಹೋಗಿ. ಅದು ಮೇಯಲಿ, ನೀವು ದರಗು (ಒಣ ಎಲೆ) ಗುಡಿಸಿ. ಸಂಜೆ ಅಕ್ಕಚ್ಚಿನ ಹೊತ್ತು ಒಂದು ನಿಮಿಷ ಆಚೀಚೆ ಆಗದಿರಲಿ, ಹೊಟ್ಟೆಯೊಳಗಿನ ಗಡಿಯಾರವೇ ಅದನ್ನು ಮನೆಗೆ ತರುತ್ತದೆ. ಕರೆಯುವುದು ಯಾವಾಗಲೂ ಒಂದೇ ಜಾಗದಿಂದ. ನಮ್ಮಲ್ಲಿ ನೀರಿಗಾಗಿ ಗುಡ್ಡೆಗೆ ಅಡ್ಡಲಾಗಿ ಕೊರೆದ ಸುರಂಗದ ಬಾಯಿಯ ಹತ್ತಿರ, ಅಲ್ಲಿಂದ ಬರುವ ನೀರು ತುಂಬುವ ಸಣ್ಣ ಕೆರೆ ಇದೆ. ಮಾರ್ಚ್ ಕಳೆದು ಗುಡ್ಡೆ ಒಣಗಿದಾಗ ದನಕ್ಕೆ ಆ ನೀರಿನ ನೆನಪೇ ಸಾಕು.

ಎಂಟನೆಯದು: ನಂಬಿಕೆ ಖರ್ಚಾಗುವ ದಿನ

ಇಲ್ಲಿ ನನ್ನ ತಪ್ಪೊಂದನ್ನು ಹೇಳಬೇಕು. ಎರಡನೇ ತಿಂಗಳಲ್ಲಿ ಕಾಲುಬಾಯಿ ರೋಗದ ಲಸಿಕೆಗೆ, ಕಿವಿಗೆ 12 ಅಂಕಿಯ ಹಳದಿ ಬಿಲ್ಲೆ ಹಾಕಲು ಜನ ಬಂದರು. ಅವರಿಗೆ ಅವಸರ ಇತ್ತು. ನಾನು ಬಾಲ್ದಿ ಹಿಡಿದು "ವಾ ಮೋಳೇ" ಎಂದೆ. ಅಮ್ಮಿಣಿ ಬಂತು. ಬಾಯಿ ಬಾಲ್ದಿಗೆ ಹಾಕಿದ ಕೂಡಲೇ ಇಬ್ಬರು ಹಿಡಿದು ಗೋಡೆಗೆ ಒತ್ತಿದರು, ನಾನೂ ಕೊಂಬು ಹಿಡಿದೆ. ಎರಡು ನಿಮಿಷದ ಕೆಲಸ. ಆಮೇಲೆ 19 ದಿನ ಅದು ನಾನು ಕರೆದರೆ ಬರಲಿಲ್ಲ. ಬಾಲ್ದಿ ಇಟ್ಟು ನಾನು ಮರೆಯಾದ ಮೇಲೆ ಕುಡಿಯುತ್ತಿತ್ತು. ಸೂಜಿ ಅದಕ್ಕೆ ಮರೆತುಹೋಗಿತ್ತೋ ಏನೋ, ಆ ಕರೆ ಮರೆಯಲಿಲ್ಲ.

ಆದ್ದರಿಂದ ಪ್ರೀತಿಯ ಕರೆಯನ್ನು ಬೋನಿನ ಹಾಗೆ ಎಂದೂ ಬಳಸಬೇಡಿ. ಲಸಿಕೆ ಬೇಕೇ ಬೇಕು, ಆರು ತಿಂಗಳಿಗೊಮ್ಮೆ ಬರುತ್ತದೆ. ಅದಕ್ಕೆ ಹತ್ತು ದಿನ ಮೊದಲೇ ತಯಾರಿ ಮಾಡಿ. ದಿನಾ ಒಂದೇ ಕಂಬಕ್ಕೆ ಬಳ್ಳಿ ಗಿಡ್ಡ ಮಾಡಿ ಕಟ್ಟಿ, ಕಿವಿ ಹಿಡಿದು ನೋಡಿ ಬಿಡಿ, ಕುತ್ತಿಗೆಯ ಚರ್ಮವನ್ನು ಎರಡು ಬೆರಳಲ್ಲಿ ಚಿವುಟಿದ ಹಾಗೆ ಹಿಡಿದು ಬಿಡಿ, ಒಂದು ತುಂಡು ಬಾಳೆಹಣ್ಣು ಕೊಡಿ. ಬೇರೆ ಮನುಷ್ಯರೊಬ್ಬರು ಒಮ್ಮೊಮ್ಮೆ ಪಕ್ಕದಲ್ಲಿ ನಿಲ್ಲಲಿ. ಲಸಿಕೆಯ ದಿನ ಕಟ್ಟುವುದು, ಒತ್ತಿ ಹಿಡಿಯುವುದು ಬೇರೆಯವರು ಮಾಡಲಿ, ನೀವು ಗಂಗೆದೊಗಲು ಸವರುತ್ತಾ ಮುಖದ ಹತ್ತಿರ ನಿಲ್ಲಿ, ಅಥವಾ ಎಲ್ಲ ಮುಗಿದ ಮೇಲೆ ಬನ್ನಿ. ಮುಂದಿನ ಸಲ ಹೀಗೆ ಮಾಡಿದಾಗ ಒಂದು ನಿಮಿಷವೂ ಹಿಡಿಯಲಿಲ್ಲ, ಅದೇ ಸಂಜೆ ಬಂದು ಕುಡಿಯಿತು.

ಇನ್ನೊಂದು ಸಂಗತಿ. ಹೆದರಿ ಉಚ್ಚೆ ಹೊಯ್ದ ಜಾಗವನ್ನು ಕೂಡಲೇ ತೊಳೆದು ಸೊಪ್ಪು ಬದಲಿಸಿ. ಹೆದರಿದ ದನದ ಮೂತ್ರದ ವಾಸನೆ ಉಳಿದ ದನಗಳನ್ನೂ ಹಿಂಜರಿಯುವಂತೆ ಮಾಡುತ್ತದೆ ಎಂದು ಪ್ರಯೋಗದಲ್ಲಿ ಕಂಡಿದ್ದಾರೆ. ನಮಗೆ ಏನೂ ಇಲ್ಲದ ಮೂಲೆಯಲ್ಲಿ ಅವಕ್ಕೆ ಅಪಾಯ ಮೂಗಿಗೆ ಬರುತ್ತದೆ.

ಕರು ಮತ್ತು ಗೂಳಿಯ ಬಗ್ಗೆ ಎಚ್ಚರಿಕೆ

ನಿಮ್ಮ ಹಟ್ಟಿಯಲ್ಲೇ ಹುಟ್ಟಿದ ಕರುವಿನ ವಿಷಯದಲ್ಲಿ ಇಷ್ಟು ಕಷ್ಟ ಇಲ್ಲ. ತಾಯಿ ನೆಕ್ಕಿ ಒಣಗಿಸಿ, ಕರು ಗಿಣ್ಣುಹಾಲು ಕುಡಿದ ಮೇಲೆ, ಮೊದಲ ದಿನಗಳಿಂದಲೇ ದಿನಕ್ಕೆ ಐದು ನಿಮಿಷ ಸವರಿ, ಗೊರಸು ಎತ್ತಿ ನೋಡಿ, ಕಿವಿ ಮುಟ್ಟಿ. ತಾಯಿ ನಿಮ್ಮನ್ನು ನಂಬಿದ್ದರೆ ಕರು ಅದನ್ನು ನೋಡಿಯೇ ಅರ್ಧ ಕಲಿಯುತ್ತದೆ.

ಹೋರಿಕರುವಿನ ಜೊತೆ ಮಾತ್ರ ತಲೆಗೆ ತಲೆ ಒತ್ತಿ ಆಟ ಆಡಬೇಡಿ, ಮಕ್ಕಳನ್ನೂ ಬಿಡಬೇಡಿ. ಎರಡು ತಿಂಗಳಲ್ಲಿ ಚಂದ ಕಾಣುವ ಆ ಆಟ ಎರಡು ವರ್ಷಕ್ಕೆ ಪಕ್ಕೆಲುಬು ಮುರಿಯುತ್ತದೆ. ಮನುಷ್ಯರ ಭಯವೇ ಇಲ್ಲದೆ, ಮನುಷ್ಯರನ್ನು ತನ್ನ ಹಿಂಡಿನವರೆಂದೇ ತಿಳಿದು ಬೆಳೆದ ಗೂಳಿ ಗುಡ್ಡೆಯ ಗೂಳಿಗಿಂತ ಅಪಾಯ. ಮತ್ತೆ, ಸಾಧು ದನ ಇದ್ದಕ್ಕಿದ್ದಂತೆ ಜೊಲ್ಲು ಸುರಿಸಿ, ವಿಕಾರವಾಗಿ ಕೂಗಿ, ನೀರು ನುಂಗಲಾಗದೆ ಒದ್ದಾಡಿದರೆ ಪ್ರೀತಿಯಿಂದ ಬಾಯಿಗೆ ಕೈ ಹಾಕಬೇಡಿ. ಹುಚ್ಚುನಾಯಿ ಕಚ್ಚಿದ್ದಿರಬಹುದು. ದೂರ ನಿಂತು ಪಶುವೈದ್ಯರನ್ನು ಕರೆಯಿರಿ, ಜೊಲ್ಲು ತಾಗಿದ್ದರೆ ಸೋಪು ಹಾಕಿ ತೊಳೆದು ಅದೇ ದಿನ ಆಸ್ಪತ್ರೆಗೆ ಹೋಗಿ.

ನೀವು ಇಲ್ಲದ ದಿನಗಳು

ಒಬ್ಬರನ್ನೇ ನಂಬಿದ ದನ ಆ ಒಬ್ಬರು ಮಂಗಳೂರಿನ ಆಸ್ಪತ್ರೆಯಲ್ಲಿ ಮಲಗಿದರೆ ಉಪವಾಸ ಬೀಳುತ್ತದೆ, ಕೆಚ್ಚಲು ಕಟ್ಟಿ ಬಾವು ಬರುತ್ತದೆ. ಮೂರನೇ ತಿಂಗಳಿನಿಂದ ಮನೆಯ ಇನ್ನೊಬ್ಬರನ್ನು ನಿಮ್ಮ ಜೊತೆ ಕೂರಿಸಿಕೊಳ್ಳಿ, ವಾರಕ್ಕೆ ಒಂದು ಸಂಜೆ ಅವರೇ ಎಲ್ಲ ಮಾಡಲಿ. ತುರ್ತಿಗೆ ನಿಮ್ಮ ಹಟ್ಟಿಯ ಅಂಗಿಯನ್ನು ತೊಳೆಯದೆ ಹಾಗೇ ಅವರಿಗೆ ಕೊಡಿ.

ಕೊಡಬೇಕಾದ ಪರಿಸ್ಥಿತಿಯೂ ಬರುತ್ತದೆ. ಹೋದ ವರ್ಷ ಅಮ್ಮಿಣಿಯ ಎರಡನೇ ಗಡಸನ್ನು (ಬೆಳೆದ ಹೆಣ್ಣುಕರುವನ್ನು) ಬಾಯಾರಿನ ಒಂದು ಮನೆಗೆ ಕೊಟ್ಟೆವು. ತೆಗೆದುಕೊಳ್ಳಲು ಬಂದವರನ್ನು ಒಂದು ಸಂಜೆ ಹಟ್ಟಿಯಲ್ಲಿ ಕೂರಿಸಿ, ಒಂದು ಗೋಣಿ ಸೊಪ್ಪು, ಹಳೆ ಬಳ್ಳಿ, ಜೊತೆಗೆ ಒಂದು ಹಾಳೆ ಕೊಟ್ಟೆ. ಹಾಳೆಯಲ್ಲಿ ಬರೆದದ್ದು: ಹೆಸರು ಚಿನ್ನು. ಬಲ ಕಿವಿಯ ಹಿಂದೆ ತುರಿಸಿದರೆ ಇಷ್ಟ. ಕೊಡೆ ಬಿಡಿಸಿದರೆ ಹೆದರುತ್ತದೆ, ದೂರದಲ್ಲೇ ಬಿಡಿಸಿಕೊಂಡು ಬನ್ನಿ. ಅಕ್ಕಚ್ಚು ಸಂಜೆ ಐದೂವರೆಗೆ. ಕರೆಯುವುದು "ವಾ ಮೋಳೇ" ಎಂದು.